ಊರು ಹೋದರೂ ಉಳಿದ ಚರ್ಚು: ವಾರಮ್ ಪರ್ಸಿಯ ಸೇಂಟ್ ಮಾರ್ಟಿನ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಇಂಗ್ಲೆಂಡಿನ ಯಾರ್ಕ್‌ಶೈರಿನ ಒಂದು ಕಣಿವೆಯಲ್ಲಿ, ವಾರಮ್ ಪರ್ಸಿ ಎಂಬ ಪಾಳು ಹಳ್ಳಿಯ ಜಾಗದಲ್ಲಿ, ಸೇಂಟ್ ಮಾರ್ಟಿನ್ ಎಂಬ ಚಾವಣಿ ಇಲ್ಲದ ಹಳೆಯ ಚರ್ಚಿದೆ. ಸುತ್ತ ಒಂದೇ ಒಂದು ಹಳ್ಳಿಮನೆಯೂ ನಿಂತಿಲ್ಲ. ಬರೀ ಹುಲ್ಲು, ದನ, ದಿಣ್ಣೆ. ಫೋಟೊ ನೋಡಿದವರೆಲ್ಲ ಹೆಚ್ಚುಕಡಿಮೆ ಒಂದೇ ರೀತಿಯ ಪ್ರಶ್ನೆ ಕೇಳುತ್ತಾರೆ. ಅವಕ್ಕೆ ಉತ್ತರ ಇಲ್ಲಿದೆ.

ಈ ಚರ್ಚು ಸರಿಯಾಗಿ ಎಲ್ಲಿದೆ?

ಉತ್ತರ ಯಾರ್ಕ್‌ಶೈರಿನ ವೋಲ್ಡ್ಸ್ ಎಂಬ ಗುಡ್ಡಗಾಡಿನಲ್ಲಿ. ಮಾಲ್ಟನ್ ಎಂಬ ಪೇಟೆಯಿಂದ ಆಗ್ನೇಯಕ್ಕೆ ಸುಮಾರು 10 ಕಿಲೋಮೀಟರ್. ಹತ್ತಿರದ ದೊಡ್ಡ ಊರು ಅಂದರೆ ಯಾರ್ಕ್. ಇಲ್ಲಿನ ಗುಡ್ಡಗಳೆಲ್ಲ ಸೀಮೆಸುಣ್ಣದ ಬಂಡೆ. ಮಳೆನೀರು ಮೇಲೆ ನಿಲ್ಲುವುದಿಲ್ಲ, ಒಳಗೆ ಇಂಗಿ ಕಣಿವೆಯ ತಳದಲ್ಲಿ ಒರತೆಯಾಗಿ ಬರುತ್ತದೆ. ಚರ್ಚು ಇರುವುದು ಆ ಒರತೆಯ ಪಕ್ಕದಲ್ಲಿ, ಕೆಳಗೆ. ಹಳ್ಳಿಯ ಹೆಚ್ಚಿನ ಮನೆಗಳು ಇದ್ದದ್ದು ಮೇಲಿನ ಬಯಲಿನಲ್ಲಿ, ಸಾಲಾಗಿ.

ಪರ್ಸಿ ಅಂದರೆ ಯಾರು?

ಈ ಹಳ್ಳಿಯ ಒಡೆತನ ಪಡೆದಿದ್ದ ನಾರ್ಮನ್ ಮೂಲದ ಮನೆತನ. ನಾರ್ಮನ್ನರು ಅಂದರೆ 1066ರಲ್ಲಿ ಫ್ರಾನ್ಸಿನ ಕಡೆಯಿಂದ ಬಂದು ಇಂಗ್ಲೆಂಡನ್ನು ಗೆದ್ದವರು. ಪಕ್ಕದಲ್ಲೇ ವಾರಮ್ ಲೆ ಸ್ಟ್ರೀಟ್ ಅಂತ ಇನ್ನೊಂದು ಹಳ್ಳಿ ಇದೆ. ಎರಡನ್ನೂ ಬೇರೆಬೇರೆಯಾಗಿ ಗುರುತಿಸಲು ಒಡೆಯರ ಹೆಸರು ಸೇರಿಕೊಂಡಿತು.

ಚರ್ಚು ಎಷ್ಟು ಹಳೆಯದು?

ಇದಕ್ಕೆ ಒಂದು ಇಸವಿ ಹೇಳಲು ಆಗುವುದಿಲ್ಲ. ಯಾಕೆಂದರೆ ಇಲ್ಲಿ ಕಟ್ಟಿದ್ದು ಒಂದೇ ಚರ್ಚಲ್ಲ. ಒಂದರ ಮೇಲೊಂದು, ಒಂದರ ಸುತ್ತ ಇನ್ನೊಂದು ಹೀಗೆ ಹಲವು.

ನೆಲ ಅಗೆದಾಗ ಎಲ್ಲಕ್ಕಿಂತ ಕೆಳಗೆ ಸಿಕ್ಕಿದ್ದು ಕಂಬ ನೆಟ್ಟ ಗುಳಿಗಳು. ಅಂದರೆ ಮೊದಲು ಇದ್ದದ್ದು ಮರದ ಸಣ್ಣ ಚರ್ಚು. ಕಾಲ ಸುಮಾರು 10ನೇ ಶತಮಾನ. ಆಮೇಲೆ ಅದೇ ಜಾಗದಲ್ಲಿ ಕಲ್ಲಿನದು ಬಂತು, ಅದೂ ಪುಟ್ಟದೇ. 12ನೇ ಶತಮಾನದಲ್ಲಿ ನಾರ್ಮನ್ನರ ಕಾಲಕ್ಕೆ ಅದನ್ನು ದೊಡ್ಡದು ಮಾಡಿದರು. ಪಶ್ಚಿಮಕ್ಕೆ ಗೋಪುರ ಬಂತು. ಅದೇ ಶತಮಾನದ ಕೊನೆಯ ಹೊತ್ತಿಗೆ ದಕ್ಷಿಣದ ಪಕ್ಕಸಾಲೆ, 13ನೇ ಶತಮಾನದಲ್ಲಿ ಉತ್ತರದ ಪಕ್ಕಸಾಲೆ, 14ನೇ ಶತಮಾನದಲ್ಲಿ ಈಶಾನ್ಯ ಮೂಲೆಗೆ ಒಂದು ಚಾಪೆಲ್, ಅಂದರೆ ಬೇರೆಯಾಗಿ ಪೂಜೆ ಮಾಡುವ ಸಣ್ಣ ಕೋಣೆ.

ಅಲ್ಲಿಂದ ಮುಂದೆ ಕಥೆ ಉಲ್ಟಾ. ಮಧ್ಯಯುಗ ಮುಗಿಯುತ್ತಿದ್ದಂತೆ ದಕ್ಷಿಣದ ಪಕ್ಕಸಾಲೆ ಕೆಡವಿದರು. ಆಮೇಲೆ ಉತ್ತರದ್ದೂ ಹೋಯಿತು. 17ನೇ ಶತಮಾನದಲ್ಲಿ ಪೂರ್ವದ ತುದಿಯನ್ನೂ ಗಿಡ್ಡ ಮಾಡಿದರು. ಸುಮಾರು ಏಳುನೂರು ವರ್ಷ ಕಳೆದ ಮೇಲೆ ಚರ್ಚು ಮತ್ತೆ ಸಣ್ಣದಾಯಿತು.

ನೇವ್, ಚಾನ್ಸೆಲ್, ಪಕ್ಕಸಾಲೆ… ಇದೆಲ್ಲ ಏನು?

ನೇವ್ ಅಂದರೆ ಜನ ಸೇರುವ ಹಜಾರ. ಚಾನ್ಸೆಲ್ ಅಂದರೆ ಪೂರ್ವದ ತುದಿಯಲ್ಲಿ ಬಲಿಪೀಠ ಇರುವ, ಪಾದ್ರಿ ನಿಲ್ಲುವ ಭಾಗ. ನೇವ್‌ನ ಎಡಬಲಕ್ಕೆ ಕಂಬಸಾಲಿನ ಆಚೆ ಇರುವ ಜಾಗಕ್ಕೆ ಪಕ್ಕಸಾಲೆ ಅನ್ನೋಣ. ಇಂಗ್ಲೆಂಡಿನ ಹಳೆಯ ಚರ್ಚುಗಳೆಲ್ಲ ಹೆಚ್ಚುಕಡಿಮೆ ಪೂರ್ವಕ್ಕೇ ಮುಖ. ಗೋಪುರ ಪಶ್ಚಿಮಕ್ಕೆ ಇರುವುದು ಜಾಸ್ತಿ.

ಇನ್ನೊಂದು ವಿಷಯ ಇಲ್ಲೇ ಹೇಳಿಬಿಡುತ್ತೇನೆ, ಮುಂದೆ ಬೇಕಾಗುತ್ತದೆ. ಇಂಗ್ಲೆಂಡಿನ ಹಳೆಯ ಪದ್ಧತಿಯಲ್ಲಿ ನೇವ್ ರಿಪೇರಿ ಮಾಡಿಸುವ ಹೊಣೆ ಊರಿನ ಭಕ್ತರದ್ದು. ಚಾನ್ಸೆಲ್ ರಿಪೇರಿ ಮಾತ್ರ ದಶಮಾಂಶ ತೆಗೆದುಕೊಳ್ಳುವವರದ್ದು. ಅಂದರೆ ರೈತರ ಬೆಳೆಯಲ್ಲಿ ಹತ್ತರಲ್ಲಿ ಒಂದು ಪಾಲು ಯಾರಿಗೆ ಸೇರುತ್ತದೋ ಅವರದ್ದು. ಒಂದೇ ಕಟ್ಟಡ, ಎರಡು ಜೇಬು. ಎಷ್ಟೋ ಚರ್ಚುಗಳಲ್ಲಿ ಈ ಎರಡು ಭಾಗಗಳು ಬೇರೆಬೇರೆ ಕಾಲದವಾಗಿ, ಬೇರೆಬೇರೆ ಅಂದದಲ್ಲಿ ಕಾಣುವುದಕ್ಕೆ ಇದೂ ಒಂದು ಕಾರಣ.

ಗೋಡೆಯಲ್ಲಿ ಕಲ್ಲು ತುಂಬಿ ಮುಚ್ಚಿದ ಕಮಾನುಗಳಿವೆಯಲ್ಲ, ಅವು ಬಾಗಿಲುಗಳಾ?

ಅಲ್ಲ. ಈ ಚರ್ಚಿನಲ್ಲಿ ನೋಡಲೇಬೇಕಾದ್ದು ಒಂದೇ ಅಂತ ಯಾರಾದರೂ ಕೇಳಿದರೆ ನಾನು ಇದನ್ನೇ ತೋರಿಸುತ್ತೇನೆ. ಹೆಚ್ಚಿನವರು ಮುರಿದ ಗೋಪುರದ ಫೋಟೊ ತೆಗೆದುಕೊಂಡು ಹೊರಟುಬಿಡುತ್ತಾರೆ.

ಹಳ್ಳಿ ಬೆಳೆದಾಗ ಚರ್ಚಿನಲ್ಲಿ ಜಾಗ ಸಾಲುವುದಿಲ್ಲ. ಆಗ ಇಡೀ ಚರ್ಚು ಕೆಡವಿ ಕಟ್ಟುವುದು ಖರ್ಚಿನ ಕೆಲಸ, ಅಷ್ಟು ದಿನ ಪೂಜೆಯೂ ನಿಲ್ಲುತ್ತದೆ. ಅದಕ್ಕೆ ಆ ಕಾಲದ ಗಾರೆಯವರು ಬೇರೆ ದಾರಿ ಹಿಡಿಯುತ್ತಿದ್ದರು. ಹಳೆಯ ಗೋಡೆಯ ಹೊರಗೆ, ಕೆಲವು ಅಡಿ ಬಿಟ್ಟು, ಹೊಸ ಗೋಡೆ ಎಬ್ಬಿಸುವುದು. ಎರಡರ ನಡುವೆ ಇಳಿಜಾರು ಮಾಡು ಹಾಕುವುದು. ಆಮೇಲೆ ಹಳೆಯ ಗೋಡೆಯಲ್ಲಿ ಕಂಬಕ್ಕೆ ಬೇಕಾದಷ್ಟು ಉಳಿಸಿ ಮಿಕ್ಕದ್ದನ್ನು ಕಮಾನಿನ ಆಕಾರಕ್ಕೆ ಕೊರೆದು ತೆಗೆಯುವುದು. ಮೇಲಿನ ಗೋಡೆ, ಅದರ ಮೇಲಿನ ಚಾವಣಿ ಇದ್ದಲ್ಲೇ ಇರುತ್ತವೆ. ಕೆಳಗೆ ಮಾತ್ರ ಗೋಡೆ ಹೋಗಿ ಕಂಬಸಾಲು ಬರುತ್ತದೆ. ಪಕ್ಕಸಾಲೆ ಸೇರಿಸುವ ಮಾಮೂಲಿ ಕ್ರಮ ಇದು.

ಸೇಂಟ್ ಮಾರ್ಟಿನ್‌ಗೆ ಮೊದಲು ದಕ್ಷಿಣಕ್ಕೆ, ಆಮೇಲೆ ಉತ್ತರಕ್ಕೆ ಹೀಗೆ ಪಕ್ಕಸಾಲೆ ಬಂತು. ಅದರಲ್ಲಿ ಜನ ನಿಲ್ಲುತ್ತಿದ್ದರು. ಜೊತೆಗೆ ಬೇರೆಬೇರೆ ಸಂತರಿಗೆ ಸಣ್ಣ ಬಲಿಪೀಠಗಳಿಗೂ, ಸತ್ತವರ ಹೆಸರಿನಲ್ಲಿ ಪೂಜೆ ಮಾಡಿಸುವುದಕ್ಕೂ ಇಂಥ ಜಾಗ ಬೇಕಾಗುತ್ತಿತ್ತು. ಹೀಗಾಗಿ ಪಕ್ಕಸಾಲೆ ಕಂಡ ಕೂಡಲೇ "ಓ, ಜನಸಂಖ್ಯೆ ಏರಿತ್ತು" ಅಂದುಬಿಡುವುದು ಪೂರ್ತಿ ಸರಿಯಲ್ಲ. ಹಣ, ಭಕ್ತಿ, ಒಡೆಯರ ಪ್ರತಿಷ್ಠೆ ಎಲ್ಲ ಸೇರಿರುತ್ತದೆ.

ಜನ ಕಡಿಮೆಯಾದ ಮೇಲೆ ಅದೇ ಪಕ್ಕಸಾಲೆ ಹೊರೆಯಾಯಿತು. ಮಾಡು ಸೋರುತ್ತದೆ, ರಿಪೇರಿಗೆ ಹಣ ಹಾಕುವವರಿಲ್ಲ. ಸರಿ, ಹೊರಗಿನ ಗೋಡೆ ಕೆಡವಿದರು. ಕಮಾನುಗಳ ನಡುವಿನ ಜಾಗವನ್ನು ಕಲ್ಲಿನಿಂದ ತುಂಬಿ ಮತ್ತೆ ಗೋಡೆ ಮಾಡಿದರು. ಬೆಳಕಿಗೆ ಅದರಲ್ಲೇ ಸಣ್ಣ ಕಿಟಕಿ ಕೂರಿಸಿದರು. ಕಂಬ, ಕಮಾನು ಎರಡೂ ಈ ಹೊಸ ಗೋಡೆಯೊಳಗೆ ಸಿಕ್ಕಿಕೊಂಡವು. ಇವತ್ತು ನೀವು ಹೊರಗಿನಿಂದ ನೋಡುವುದು ಅದನ್ನೇ. ಒಮ್ಮೆ ಚರ್ಚಿನ ಒಳಗಿದ್ದ ಕಂಬಸಾಲು ಈಗ ಮಳೆಗೆ ಮುಖ ಮಾಡಿ ನಿಂತಿದೆ. ಬೆಳೆದದ್ದೂ ಕುಗ್ಗಿದ್ದೂ ಒಂದೇ ಗೋಡೆಯಲ್ಲಿ ಕಾಣುತ್ತದೆ.

ಯಾವ ಕಮಾನು ಯಾವ ಕಾಲದ್ದು ಅಂತ ಹೇಗೆ ತಿಳಿಯುವುದು?

ಸುಲಭದ ಗುರುತು ಒಂದಿದೆ. ಕಮಾನು ಪೂರ್ತಿ ದುಂಡಗಿದ್ದರೆ ನಾರ್ಮನ್ ಕಾಲದ್ದು ಇರಬಹುದು, ಅಂದರೆ 1066ರ ಆಚೀಚೆಯಿಂದ 12ನೇ ಶತಮಾನದ ಕೊನೆಯವರೆಗೆ. ಮೇಲೆ ಚೂಪಾಗಿದ್ದರೆ ಆಮೇಲಿನ ಗಾಥಿಕ್. ನಡುವಿನ ಕೆಲವು ದಶಕ ಎರಡೂ ಬೆರೆತಿರುತ್ತವೆ. ಹಳ್ಳಿಗಳಿಗೆ ಹೊಸ ಶೈಲಿ ತಡವಾಗಿ ತಲುಪುತ್ತದೆ ಅನ್ನುವುದನ್ನೂ ನೆನಪಿಡಿ. ಕಮಾನು ನೋಡಿ ಐವತ್ತು ವರ್ಷದ ಅಂದಾಜು ಹೇಳಬಹುದು. ಅದಕ್ಕಿಂತ ನಿಖರವಾಗಿ ಹೇಳುವವರನ್ನು ಸ್ವಲ್ಪ ಅನುಮಾನದಿಂದ ನೋಡಿ.

ಪ್ಲೇಗಿನಿಂದ ಊರೆಲ್ಲ ಸತ್ತುಹೋಯಿತಂತೆ, ನಿಜವಾ?

ಎಲ್ಲರೂ ಹೇಳುವುದು ಇದನ್ನೇ, ಆದರೆ ನಡೆದದ್ದು ಬೇರೆ. 1348–49ರ ಮಹಾ ಪ್ಲೇಗ್ ಇಂಗ್ಲೆಂಡನ್ನು ಅಲ್ಲಾಡಿಸಿದ್ದು ಹೌದು. ವಾರಮ್ ಪರ್ಸಿಯಲ್ಲೂ ಜನ ಸತ್ತರು. ಆದರೆ ಊರು ಖಾಲಿಯಾಗಲಿಲ್ಲ. 1368ರಲ್ಲಿ ಇನ್ನೂ ಸುಮಾರು 30 ಮನೆಗಳಲ್ಲಿ ಜನ ಇದ್ದರು.

ಊರನ್ನು ಮುಗಿಸಿದ್ದು ಕುರಿ. ಪ್ಲೇಗ್ ನಂತರ ದೇಶದಲ್ಲೆಲ್ಲ ಆಳು ಕಡಿಮೆ, ಕೂಲಿ ಜಾಸ್ತಿ. ಉಣ್ಣೆಗೆ ಒಳ್ಳೆ ಬೆಲೆ. ಉತ್ತು ಬಿತ್ತುವುದಕ್ಕೆ ಹತ್ತಾರು ಜನ ಬೇಕು, ಕುರಿ ಕಾಯಲು ಒಬ್ಬ ಸಾಕು. ಒಡೆಯರ ಲೆಕ್ಕ ಅಷ್ಟೇ ಸರಳ. ಮುಂದಿನ ನೂರು ವರ್ಷದಲ್ಲಿ ಮನೆಗಳು ಕಡಿಮೆಯಾಗುತ್ತ ಬಂದವು. ಹೀಗೆ ಹೊಲ ಹೋಗಿ ಹುಲ್ಲುಗಾವಲು ಆಗುತ್ತಿರುವುದರ ಬಗ್ಗೆ ಸರ್ಕಾರ 1517ರಲ್ಲಿ ವಿಚಾರಣೆ ಮಾಡಿಸಿತು. ಅದರ ದಾಖಲೆಯಲ್ಲಿ ವಾರಮ್ ಪರ್ಸಿಯ ಹೆಸರೂ ಇದೆ. ಬ್ಯಾರನ್ ಹಿಲ್ಟನ್ ಎಂಬ ಒಡೆಯ ಇಲ್ಲಿ ನಾಲ್ಕು ನೇಗಿಲುಗಳ ಬೇಸಾಯ ನಿಲ್ಲಿಸಿದ, ನಾಲ್ಕು ಮನೆಗಳು ಪಾಳುಬೀಳಲು ಬಿಟ್ಟ ಅಂತ. ಸುಮಾರು 1500ರ ಹೊತ್ತಿಗೆ ಹಳ್ಳಿ ಮುಗಿದಿತ್ತು.

ನಮ್ಮ ಕಂದಾಯ ದಾಖಲೆಗಳಲ್ಲಿ ಬೇಚಿರಾಕ್ ಗ್ರಾಮ ಅಂತ ಬರೆದಿರುತ್ತಾರಲ್ಲ, ಇದೂ ಅಂಥದ್ದೇ. ಇಂಗ್ಲೆಂಡಿನಲ್ಲಿ ಮಧ್ಯಯುಗದ ಇಂಥ ಪಾಳು ಹಳ್ಳಿಗಳನ್ನು ಸುಮಾರು 3,000 ಗುರುತಿಸಿದ್ದಾರೆ. ಆದರೆ ಹೆಚ್ಚಿನ ಕಡೆ ನೆಲದ ಮೇಲೆ ಏನೂ ಉಳಿದಿಲ್ಲ.

ಊರೇ ಇಲ್ಲದ ಮೇಲೆ ಚರ್ಚು 450 ವರ್ಷ ಹೇಗೆ ನಡೆಯಿತು? ಪೂಜೆಗೆ ಯಾರು ಬರುತ್ತಿದ್ದರು?

ಪಕ್ಕದ ಹಳ್ಳಿಗಳವರು. ಪ್ಯಾರಿಷ್ ಅಂದರೆ ಒಂದು ಹಳ್ಳಿ ಅಂತ ನಾವು ಅಂದುಕೊಳ್ಳುತ್ತೇವೆ. ಹಾಗಿಲ್ಲ. ಇದು ಒಂದು ಚರ್ಚಿಗೆ ಸೇರಿದ ಇಡೀ ಸರಹದ್ದು. ಸೇಂಟ್ ಮಾರ್ಟಿನ್‌ನ ಪ್ಯಾರಿಷ್‌ನಲ್ಲಿ ವಾರಮ್ ಪರ್ಸಿ ಅಲ್ಲದೆ ಥಿಕ್ಸೆಂಡೇಲ್, ರೈಸ್‌ಥಾರ್ಪ್, ಬರ್ಡೇಲ್, ಟೌಥಾರ್ಪ್ ಎಂಬ ಇನ್ನೂ ನಾಲ್ಕು ಊರುಗಳಿದ್ದವು. ಅಲ್ಲಿನವರ ಮಗುವಿಗೆ ದೀಕ್ಷಾಸ್ನಾನ, ಮದುವೆ, ಕೊನೆಗೆ ಮಣ್ಣು ಮಾಡುವುದು, ಎಲ್ಲಕ್ಕೂ ಇಲ್ಲಿಗೇ ಬರಬೇಕು. ಹತ್ತಿರ ಬೇರೆ ಚರ್ಚಿದ್ದರೂ ಅಲ್ಲಿಗೆ ಹೋಗುವ ಹಾಗಿಲ್ಲ.

ಈ ಸರಹದ್ದುಗಳು ಹೆಚ್ಚಿನ ಕಡೆ 12ನೇ ಶತಮಾನದ ಹೊತ್ತಿಗೆ ಗಟ್ಟಿಯಾದವು. ಒಮ್ಮೆ ಗಟ್ಟಿಯಾದ ಮೇಲೆ ಅಲ್ಲಾಡಿಸುವುದು ಬಹಳ ಕಷ್ಟ. ಯಾಕೆಂದರೆ ಅದರ ಹಿಂದೆ ದಶಮಾಂಶದ ಆದಾಯ ಇದೆ. ಪ್ಯಾರಿಷ್ ಒಡೆದರೆ ಯಾರದ್ದೋ ಪಾಲು ಕಡಿಮೆಯಾಗುತ್ತದೆ, ಬಿಟ್ಟುಕೊಡುವವರು ಯಾರು? ಹಳ್ಳಿ ಹೋದರೂ ಚರ್ಚು ಜಾಗ ಬದಲಿಸಲಿಲ್ಲ ಅಂದರೆ ಅದಕ್ಕೆ ಭಕ್ತಿಯಷ್ಟೇ ಈ ಲೆಕ್ಕಾಚಾರವೂ ಕಾರಣ ಅಂತ ನನ್ನ ಅಭಿಪ್ರಾಯ.

ಆದರೆ ರೈಸ್‌ಥಾರ್ಪ್, ಬರ್ಡೇಲ್, ಟೌಥಾರ್ಪ್‌ಗಳೂ ಒಂದೊಂದಾಗಿ ಬರಿದಾದವು. ಜನ ಇದ್ದ ಊರು ಅಂತ ಉಳಿದದ್ದು ಥಿಕ್ಸೆಂಡೇಲ್ ಒಂದೇ. ಅಲ್ಲಿಂದ ಇಲ್ಲಿಗೆ ಗುಡ್ಡ ಹತ್ತಿಳಿದು ಸುಮಾರು 5 ಕಿಲೋಮೀಟರ್. ಚಳಿಗಾಲದಲ್ಲಿ ಶವ ಹೊತ್ತು ಬರುವುದನ್ನು ಊಹಿಸಿಕೊಳ್ಳಿ. 1870ರಲ್ಲಿ ಸರ್ ಟ್ಯಾಟನ್ ಸೈಕ್ಸ್ ಎಂಬ ಜಮೀನ್ದಾರರು ಥಿಕ್ಸೆಂಡೇಲ್‌ಗೇ ಒಂದು ಚರ್ಚು ಕಟ್ಟಿಸಿಕೊಟ್ಟರು. ವಿನ್ಯಾಸ ಆ ಕಾಲದ ದೊಡ್ಡ ವಾಸ್ತುಶಿಲ್ಪಿ ಜಿ. ಇ. ಸ್ಟ್ರೀಟ್ ಅವರದ್ದು. ಸೇಂಟ್ ಮಾರ್ಟಿನ್‌ನ ಹೆಚ್ಚಿನ ಭಕ್ತರು ಅಲ್ಲಿಗೆ ಹೋದರು. ಹಳ್ಳಿ ಖಾಲಿಯಾದಾಗಲೂ ಬಾಳಿದ ಚರ್ಚಿಗೆ ನಿಜವಾದ ಪೆಟ್ಟು ಬಿದ್ದದ್ದು ಆಗ.

ಎಂಟನೇ ಹೆನ್ರಿಯ ಕಾಲದಲ್ಲಿ ಈ ಚರ್ಚನ್ನು ಒಡೆದರಾ?

ಇಲ್ಲ. ಹೆನ್ರಿ ಮುಚ್ಚಿಸಿದ್ದು ಸನ್ಯಾಸಿಗಳ ಮಠಗಳನ್ನು. ಯಾರ್ಕ್‌ಶೈರಿನ ಪ್ರಸಿದ್ಧ ಪಾಳು ಕಟ್ಟಡಗಳಾದ ಫೌಂಟನ್ಸ್, ರೀವೋ ಎಲ್ಲ ಅಂಥ ಮಠಗಳು. ಪ್ಯಾರಿಷ್ ಚರ್ಚುಗಳು ನಡೆಯುತ್ತಲೇ ಇದ್ದವು. ಆದರೆ ಒಳಗಿನ ಪದ್ಧತಿ ಬದಲಾಯಿತು. ಸತ್ತವರ ಹೆಸರಿನಲ್ಲಿ ಪೂಜೆ ನಡೆಸಲು ಬಿಟ್ಟಿದ್ದ ದತ್ತಿಗಳನ್ನು 1547ರ ಕಾಯ್ದೆ ರದ್ದು ಮಾಡಿತು. ಸಂತರ ಬಲಿಪೀಠಗಳು ಹೋದವು. ಪಕ್ಕಸಾಲೆ, ಚಾಪೆಲ್‌ಗಳಿಗೆ ಕೆಲಸವೇ ಇಲ್ಲದಂತಾಯಿತು. ಜನವೂ ಇಲ್ಲ, ಬಳಕೆಯೂ ಇಲ್ಲ ಅಂದಮೇಲೆ ಉಳಿಸಿಕೊಳ್ಳುವುದು ಯಾಕೆ?

ಹಾಗಾದರೆ ಇದು ಪಾಳುಬಿದ್ದದ್ದು ಯಾವಾಗ?

ನಂಬುವುದು ಕಷ್ಟ, ಮೊನ್ನೆ ಮೊನ್ನೆ. ಇಲ್ಲಿ ಕೊನೆಯ ಆರಾಧನೆ ನಡೆದದ್ದು 1949ರಲ್ಲಿ. ಚಾವಣಿ ಇತ್ತು, ಗೋಪುರ ಪೂರ್ತಿ ನಿಂತಿತ್ತು. 1950ರ ದಶಕದಲ್ಲಿ ಚಾವಣಿಗೆ ಹೊದಿಸಿದ್ದ ಸೀಸದ ತಗಡು ಕಳುವಾಯಿತು. ಸೀಸಕ್ಕೆ ಗುಜರಿಯಲ್ಲಿ ಒಳ್ಳೆ ಬೆಲೆ, ಕಾಯುವವರು ಯಾರೂ ಇಲ್ಲ. ತಗಡು ಹೋದ ಮೇಲೆ ಮಳೆ ನೇರ ಮರಕ್ಕೆ, ಗೋಡೆಯ ತಲೆಗೆ ಇಳಿಯಿತು. ಹಳೆಯ ಕಲ್ಲುಗೋಡೆಗಳ ಒಳಗೆ ತುಂಬಿರುವುದು ಚೂರುಕಲ್ಲು, ಸುಣ್ಣದ ಗಾರೆ. ಮೇಲಿನಿಂದ ನೀರು ಹೊಕ್ಕರೆ ಗಾರೆ ಕರಗುತ್ತದೆ. ಚಳಿಗೆ ನೀರು ಹೆಪ್ಪುಗಟ್ಟಿ ಹಿಗ್ಗಿದಾಗ ಗೋಡೆ ಬಾಯಿಬಿಡುತ್ತದೆ. 1959ರಲ್ಲಿ ಗೋಪುರದ ಪಶ್ಚಿಮದ ಭಾಗ ಕುಸಿಯಿತು.

450 ವರ್ಷ ಹಳ್ಳಿ ಇಲ್ಲದೆ ನಿಂತ ಕಟ್ಟಡ ತಗಡು ಇಲ್ಲದೆ ಹತ್ತು ವರ್ಷ ನಿಲ್ಲಲಿಲ್ಲ. ಇಂಗ್ಲೆಂಡಿನ ಚರ್ಚುಗಳಿಗೆ ಇವತ್ತಿಗೂ ಸೀಸದ ಕಳ್ಳರ ಕಾಟ ತಪ್ಪಿಲ್ಲ.

ಮತ್ತೆ ಚಾವಣಿ ಹಾಕಿ ರಿಪೇರಿ ಮಾಡಬಹುದಿತ್ತು ಅಲ್ವಾ?

ನಮ್ಮವರು ಇದನ್ನು ಬಹಳ ಕೇಳುತ್ತಾರೆ. ನಮ್ಮಲ್ಲಿ ದೇವಸ್ಥಾನ ಹಾಳಾದರೆ ಜೀರ್ಣೋದ್ಧಾರ ಮಾಡುವುದೇ ಪುಣ್ಯ. ಬ್ರಿಟನ್ನಿನ ಸಂರಕ್ಷಣೆಯ ಯೋಚನೆ ಬೇರೆ. 19ನೇ ಶತಮಾನದಲ್ಲಿ ಅಲ್ಲೂ ಸಾವಿರಾರು ಚರ್ಚುಗಳನ್ನು "ಹೊಸದು" ಮಾಡುವ ಭರದಲ್ಲಿ ಹಳೆಯ ಗಾರೆ, ಬಣ್ಣ, ಕೆತ್ತನೆ ಎಲ್ಲ ಕಿತ್ತುಹಾಕಿದರು. ಅದಕ್ಕೆ ಎದುರಾಗಿ ವಿಲಿಯಂ ಮಾರಿಸ್ ಮತ್ತು ಗೆಳೆಯರು 1877ರಲ್ಲಿ ಹಳೆಯ ಕಟ್ಟಡಗಳ ರಕ್ಷಣೆಗೆ ಒಂದು ಸಂಘವನ್ನೇ ಕಟ್ಟಿದರು. ಇರುವುದನ್ನು ಬೀಳದಂತೆ ಹಿಡಿದಿಡಿ, ಇಲ್ಲದ್ದನ್ನು ಕಟ್ಟಬೇಡಿ ಅನ್ನುವುದು ಅವರ ವಾದ. ಈ ಚರ್ಚಿಗೂ ಅದೇ ನೀತಿ. ಗೋಡೆಯ ತಲೆಗೆ ನೀರು ಇಳಿಯದಂತೆ ಭದ್ರ ಮಾಡಿದ್ದಾರೆ, ಅಷ್ಟೇ.

ಈ ವಾದವನ್ನು ಎಲ್ಲ ಕಡೆಗೂ ಒಪ್ಪಲು ನನಗೆ ಆಗುವುದಿಲ್ಲ. ಆದರೆ ಇಲ್ಲಿ ಅದು ಸರಿ ಅನಿಸುತ್ತದೆ. ಹೊಸ ಗಾರೆ ಬಳಿದು ಚಾವಣಿ ಹಾಕಿದ್ದರೆ ಆ ಮುಚ್ಚಿದ ಕಮಾನುಗಳ ಕಥೆ ಗಾರೆಯ ಅಡಿ ಮಾಯವಾಗುತ್ತಿತ್ತು.

ಇಲ್ಲಿ ಅಗೆದವರು ಯಾರು? ಯಾಕೆ ಇಷ್ಟು ಹೆಸರು?

ಆರ್ಥಿಕ ಇತಿಹಾಸದ ವಿದ್ವಾಂಸ ಮಾರಿಸ್ ಬೆರೆಸ್‌ಫರ್ಡ್ 1948ರಲ್ಲಿ ಈ ಜಾಗಕ್ಕೆ ಬಂದರು. ಹುಲ್ಲಿನಡಿಯ ದಿಣ್ಣೆಗಳು ಮನೆಗಳ ಅಡಿಪಾಯ ಇರಬೇಕು ಅಂತ ಅವರಿಗೆ ಅನಿಸಿತ್ತು. 1950ರಲ್ಲಿ ಅಗೆತ ಶುರುವಾಯಿತು. ಕೆಲವೇ ವರ್ಷದಲ್ಲಿ ಪುರಾತತ್ವಜ್ಞ ಜಾನ್ ಹರ್ಸ್ಟ್ ಜೊತೆಯಾದರು. ಆಮೇಲೆ ಪ್ರತಿ ಬೇಸಿಗೆ ಕೆಲವು ವಾರ, 1990ರ ತನಕ. ಕೆಲಸ ಮಾಡಿದ್ದು ಬಹುಪಾಲು ಸ್ವಯಂಸೇವಕರು.

ಆಗಿನ ಪದ್ಧತಿ ಅಂದರೆ ಸಣ್ಣ ಗುಂಡಿ ತೋಡಿ, ಗೋಡೆ ಸಿಕ್ಕಿದರೆ ಅದರ ಜಾಡು ಹಿಡಿಯುವುದು. ರೈತರ ಮನೆಗೆ ಅದು ನಡೆಯುವುದಿಲ್ಲ. ಮಣ್ಣು, ಮರ, ಹುಲ್ಲಿನ ಮನೆಯ ಗುರುತು ಬರೀ ಮಣ್ಣಿನ ಬಣ್ಣದಲ್ಲಿ ಇರುತ್ತದೆ. ಹರ್ಸ್ಟ್ ಡೆನ್ಮಾರ್ಕಿನಲ್ಲಿ ನಡೆಯುತ್ತಿದ್ದ ವಿಧಾನ ತಂದರು. ದೊಡ್ಡ ಜಾಗವನ್ನು ಒಟ್ಟಿಗೆ ತೆರೆದು, ಪದರ ಪದರವಾಗಿ ಬಿಡಿಸುವುದು. ಇಂಗ್ಲೆಂಡಿನ ಹಳ್ಳಿ ಪುರಾತತ್ವದ ದಾರಿಯನ್ನೇ ಇದು ಬದಲಿಸಿತು. ರಾಜರು, ಕೋಟೆಗಳ ಇತಿಹಾಸ ಬಿಟ್ಟು ರೈತರ ಹಿತ್ತಲನ್ನು ನಲವತ್ತು ವರ್ಷ ಅಗೆದವರು ಇವರು.

ಚರ್ಚಿನ ಒಳಗೂ ಸುತ್ತಲೂ ಅಗೆದದ್ದು 1962ರಿಂದ 1974ರವರೆಗೆ. ಚಾವಣಿ ಇಲ್ಲ, ಆರಾಧನೆ ಇಲ್ಲ ಅನ್ನುವುದು ಇಲ್ಲಿ ಅನುಕೂಲವಾಯಿತು. ನಡೆಯುತ್ತಿರುವ ಚರ್ಚಿನ ನೆಲವನ್ನು ಇಷ್ಟು ಪೂರ್ತಿಯಾಗಿ ಕೀಳಲು ಯಾರು ಬಿಡುತ್ತಾರೆ?

ಸಮಾಧಿಗಳಲ್ಲಿ ಏನು ಸಿಕ್ಕಿತು?

687 ಜನರ ಅಸ್ಥಿಪಂಜರಗಳು. ಹೆಚ್ಚಿನವರು ಮಧ್ಯಯುಗದ ಸಾಮಾನ್ಯ ಹಳ್ಳಿಗರು. ಇವರ ಹೆಸರು ಯಾವ ಕಾಗದದಲ್ಲೂ ಇಲ್ಲ. ಸೈಮನ್ ಮೇಸ್ ಎಂಬ ಅಸ್ಥಿತಜ್ಞರು ಮತ್ತು ಅವರ ಜೊತೆಗಾರರು ವರ್ಷಗಟ್ಟಲೆ ಇವನ್ನು ಓದಿದರು.

ನನ್ನ ಮನಸ್ಸಿಗೆ ತಟ್ಟಿದ್ದು ಮಕ್ಕಳ ಎಲುಬುಗಳ ವಿಷಯ. ಇಲ್ಲಿನ 14 ವರ್ಷದ ಮಗುವಿನ ಎತ್ತರ ಇಂದಿನ 10 ವರ್ಷದ ಮಗುವಿನಷ್ಟು. ಊಟ ಸಾಲದು, ಕಾಯಿಲೆ ಜಾಸ್ತಿ. ಆದರೆ ಎದೆಹಾಲಿನ ವಿಷಯದಲ್ಲಿ ತಾಯಂದಿರು ಕಡಿಮೆ ಮಾಡಿರಲಿಲ್ಲ. ಎಲುಬಿನಲ್ಲಿರುವ ಸಾರಜನಕದ ಲೆಕ್ಕದಿಂದ ಮಕ್ಕಳಿಗೆ ಸುಮಾರು ಒಂದೂವರೆ ವರ್ಷದವರೆಗೆ ಹಾಲೂಡಿಸುತ್ತಿದ್ದರು ಅಂತ ಗೊತ್ತಾಯಿತು. ಮಗು ಎದೆಹಾಲು ಕುಡಿಯುತ್ತಿದ್ದರೆ ಸಾರಜನಕದ ಒಂದು ಭಾರವಾದ ರೂಪ ತಾಯಿಗಿಂತ ಮಗುವಿನ ಎಲುಬಿನಲ್ಲಿ ಹೆಚ್ಚಿರುತ್ತದೆ, ಹಾಲು ಬಿಡಿಸಿದ ಮೇಲೆ ಇಳಿಯುತ್ತದೆ.

ಕ್ಷಯದ ಗುರುತಿದ್ದ ಎಲುಬುಗಳ ಡಿಎನ್‌ಎ ನೋಡಿದರು. ದನಗಳ ಜೊತೆ ಬದುಕಿದ ರೈತರಿಗೆ ದನದಿಂದಲೇ ಕ್ಷಯ ಬಂದಿರಬೇಕು ಅಂತ ಎಲ್ಲರ ಊಹೆ. ಸಿಕ್ಕಿದ್ದು ಮನುಷ್ಯರಿಂದ ಮನುಷ್ಯರಿಗೆ ಹರಡುವ ಬಗೆ. ವಯಸ್ಸಾದ ಹೆಂಗಸರ ಎಲುಬು ಸವೆದದ್ದು ಇಂದಿನವರಷ್ಟೇ ಇತ್ತು. "ಹಿಂದಿನವರು ಮೈಮುರಿದು ದುಡಿಯುತ್ತಿದ್ದರು, ಅದಕ್ಕೆ ಎಲುಬು ಗಟ್ಟಿ" ಅನ್ನುವ ಮಾತಿಗೆ ಇದು ಒಗ್ಗುವುದಿಲ್ಲ.

ಇನ್ನೊಂದು ತಲೆಬುರುಡೆ. ಸುಮಾರು 40 ವರ್ಷದ ಗಂಡಸು, ಕಾಲ 10–11ನೇ ಶತಮಾನ. ತಲೆಗೆ ಜೋರಾದ ಏಟು ಬಿದ್ದಿದೆ. ಯಾರೋ ಚರ್ಮ ಬಿಡಿಸಿ, ಬುರುಡೆಯ ಎಲುಬನ್ನು ಕೆರೆದು ತೆಗೆದು ಒತ್ತಡ ಇಳಿಸಿದ್ದಾರೆ. ಎಲುಬಿನ ಅಂಚು ಕೂಡಿಕೊಂಡಿದೆ. ಅಂದರೆ ಆಪರೇಷನ್ ಆದ ಮೇಲೆ ಆತ ಬದುಕಿದ. ಪಟ್ಟಣವೂ ಅಲ್ಲ, ಮಠವೂ ಅಲ್ಲ, ಒಂದು ಬಡ ಹಳ್ಳಿಯಲ್ಲಿ!

"ಜೋಂಬಿ ಹಳ್ಳಿ" ಅಂತ ಸುದ್ದಿ ಬಂದಿತ್ತು. ದೆವ್ವದ ಊರಾ?

2017ರಲ್ಲಿ ಬಂದ ಸುದ್ದಿ ಅದು. ಚರ್ಚಿನ ಅಂಗಳದಲ್ಲಿ ಅಲ್ಲ, ಮನೆಗಳ ಕಡೆಯ ಗುಂಡಿಗಳಲ್ಲಿ 137 ಎಲುಬಿನ ತುಂಡುಗಳು ಸಿಕ್ಕಿದ್ದವು. ಕಡಿಮೆ ಅಂದರೂ ಹತ್ತು ಜನರವು, 11ರಿಂದ 14ನೇ ಶತಮಾನದವು. ಕೆಲವು ಸುಟ್ಟಿವೆ, ಕೆಲವನ್ನು ಒಡೆದಿದ್ದಾರೆ. ಚಾಕುವಿನ ಗೀರುಗಳು ಹೆಚ್ಚಾಗಿ ಕುತ್ತಿಗೆ, ತಲೆಯ ಹತ್ತಿರ. ಎಲ್ಲವೂ ಸತ್ತ ಮೇಲೆ ಮಾಡಿದ್ದು.

ಬರಗಾಲದಲ್ಲಿ ಮನುಷ್ಯರ ಮಾಂಸ ತಿಂದಿರಬಹುದಾ? ಹೊರಗಿನಿಂದ ಬಂದವರನ್ನು ಹೀಗೆ ಮಾಡಿರಬಹುದಾ? ಹಲ್ಲಿನ ಪರೀಕ್ಷೆಯಲ್ಲಿ ಇವರು ಇದೇ ಸೀಮೆಯವರು ಅಂತ ಕಂಡಿತು. ಮಾಂಸಕ್ಕೆ ಕಡಿಯುವವರ ಗುರುತು ಕೀಲುಗಳ ಬಳಿ ಇರಬೇಕು, ಇಲ್ಲಿ ಹಾಗಿಲ್ಲ. ಸತ್ತವರು ಎದ್ದುಬಂದು ಕಾಟ ಕೊಡದಿರಲಿ ಅಂತ ಮಾಡಿದ ಕೆಲಸ ಅನ್ನುವುದು ಹೆಚ್ಚು ಹೊಂದುತ್ತದೆ ಅಂತ ಸಂಶೋಧಕರು ಹೇಳಿದರು. ಆ ಕಾಲದ ಇಂಗ್ಲೆಂಡಿನ ಬರಹಗಳಲ್ಲೂ ಎದ್ದುಬರುವ ಹೆಣಗಳ ಕಥೆ ಇವೆ. ಅವರು ಹೇಳಿದ್ದು ಎಚ್ಚರಿಕೆಯಿಂದ, "ಇರಬಹುದು" ಅಂತ. ಪತ್ರಿಕೆಗಳ ತಲೆಬರಹದಲ್ಲಿ ಆ "ಇರಬಹುದು" ಬಿದ್ದುಹೋಯಿತು.

ಇಂಗ್ಲೆಂಡಿನಲ್ಲಿ ಬಳಕೆ ನಿಂತ ಚರ್ಚುಗಳನ್ನೆಲ್ಲ ಹೀಗೇ ಬಿಟ್ಟುಬಿಡುತ್ತಾರಾ?

ಇಲ್ಲ. ಕೆಲವನ್ನು ಮಾರುತ್ತಾರೆ, ಮನೆ, ಗ್ರಂಥಾಲಯ, ಕೆಫೆ ಆಗುತ್ತವೆ. ತುಂಬ ಮುಖ್ಯವಾದವನ್ನು ನೋಡಿಕೊಳ್ಳಲು 1969ರಲ್ಲಿ ಒಂದು ನಿಧಿ ಶುರುವಾಯಿತು. ಈಗ ಅದರ ಹೆಸರು ಚರ್ಚಸ್ ಕನ್ಸರ್ವೇಷನ್ ಟ್ರಸ್ಟ್, ಅದರ ಕೈಯಲ್ಲಿ 350ಕ್ಕೂ ಹೆಚ್ಚು ಚರ್ಚುಗಳಿವೆ. ಯಾರ್ಕ್ ಊರಿನ ನಡುವೆಯೇ ಇರುವ ಗುಡ್‌ರಾಮ್‌ಗೇಟ್‌ನ ಹೋಲಿ ಟ್ರಿನಿಟಿ ಅವುಗಳಲ್ಲಿ ಒಂದು. ಸೇಂಟ್ ಮಾರ್ಟಿನ್ ಮತ್ತು ಹಳ್ಳಿಯ ಜಾಗ ಇಂಗ್ಲಿಷ್ ಹೆರಿಟೇಜ್ ಸಂಸ್ಥೆಯ ಉಸ್ತುವಾರಿಯಲ್ಲಿವೆ. ಹಂಬರ್ ನದಿಯ ಆಚೆ ಬಾರ್ಟನ್‌ನಲ್ಲಿರುವ ಸೇಂಟ್ ಪೀಟರ್ಸ್ ಕೂಡ ಅವರದ್ದೇ. ಅಲ್ಲಿ ಸುಮಾರು 2,800 ಜನರ ಎಲುಬು ಸಿಕ್ಕಿತು, ಚಾವಣಿಯೂ ಇದೆ.

ನೋಡಲು ಹೋಗುವುದು ಹೇಗೆ? ಟಿಕೆಟ್ ಇದೆಯಾ?

ಟಿಕೆಟ್ ಇಲ್ಲ. ಲೀಡ್ಸ್, ಹಲ್, ಯಾರ್ಕ್ ಕಡೆ ಇರುವವರು ಅರ್ಧ ದಿನದಲ್ಲಿ ನೋಡಿ ಬರಬಹುದು, ಕಾರು ಬೇಕು. ವಾರಮ್ ಲೆ ಸ್ಟ್ರೀಟ್ ಹತ್ತಿರ ಕಾರು ನಿಲ್ಲಿಸಿ ಒಂದು ಕಿಲೋಮೀಟರಿಗಿಂತ ಸ್ವಲ್ಪ ಜಾಸ್ತಿ ನಡೆಯಬೇಕು. ದಾರಿ ಇಳಿಜಾರು, ಮಳೆ ಬಂದರೆ ಕೆಸರು. ತಳ್ಳುಗಾಡಿಯಲ್ಲಿ ಮಗು ಇದ್ದರೆ ಕಷ್ಟ. ಅಂಗಡಿ, ಹೋಟೆಲ್, ಶೌಚಾಲಯ ಏನೂ ಇಲ್ಲ, ಎಲ್ಲ ಮಾಲ್ಟನ್‌ನಲ್ಲೇ ಮುಗಿಸಿ ಬನ್ನಿ. ದನಗಳು ಮೇಯುತ್ತಿರುತ್ತವೆ, ನಾಯಿ ತಂದರೆ ಹಗ್ಗ ಬಿಡಬೇಡಿ. ಯಾರ್ಕ್‌ಶೈರ್ ವೋಲ್ಡ್ಸ್ ವೇ ಎಂಬ 127 ಕಿಲೋಮೀಟರ್ ಕಾಲುದಾರಿಯೂ ಇಲ್ಲೇ ಹಾದುಹೋಗುತ್ತದೆ.

ಚಪ್ಪಲಿ ಹಾಕಿಕೊಂಡು ಚರ್ಚಿನ ಒಳಗೆ ಹೋಗಬಹುದಾ?

ಹೋಗಬಹುದು. ಗೋಡೆ ಹತ್ತಬೇಡಿ.

ಅಸ್ಥಿಪಂಜರಗಳನ್ನು ಅಲ್ಲೇ ಇಟ್ಟಿದ್ದಾರಾ?

ಇಲ್ಲ. ಅಲ್ಲಿ ಮ್ಯೂಸಿಯಂ ಇಲ್ಲ, ವಿವರಣೆಯ ಫಲಕಗಳು ಮಾತ್ರ ಇವೆ.

ಅರ್ಧ ಗಂಟೆ ಮಾತ್ರ ಇದೆ. ಏನು ನೋಡಲಿ?

ಮೊದಲು ಚರ್ಚಿನ ಹೊರಗೆ ದಕ್ಷಿಣದ ಗೋಡೆಯ ಮುಂದೆ ನಿಂತು ಮುಚ್ಚಿದ ಕಮಾನು ಹುಡುಕಿ. ಆಮೇಲೆ ಉತ್ತರಕ್ಕೆ ಹೋಗಿ ಅದನ್ನೇ ಮಾಡಿ. ಒಳಗೆ ಬಂದು ಗೋಪುರದ ಕೆಳಗೆ ನಿಂತರೆ ಅರ್ಧ ಬಿದ್ದ ಕಾರಣಕ್ಕೇ ಗೋಡೆಯ ದಪ್ಪ, ಒಳಗೆ ತುಂಬಿದ ಕಲ್ಲು ಎಲ್ಲ ಕಾಣುತ್ತದೆ. ನಿಂತಿರುವ ಗೋಪುರದಲ್ಲಿ ಇದನ್ನು ಯಾರೂ ತೋರಿಸಲಾರರು. ಸಮಯ ಉಳಿದರೆ ಮೇಲಿನ ಬಯಲಿಗೆ ಹತ್ತಿ. ಬೆಳಿಗ್ಗೆ ಅಥವಾ ಸಂಜೆ ಹೋದರೆ ಒಳ್ಳೆಯದು. ಓರೆ ಬಿಸಿಲಿನಲ್ಲಿ ಹುಲ್ಲಿನಡಿಯ ಮನೆಗಳ ಅಡಿಪಾಯ, ಬೀದಿ, ಹಿತ್ತಲು ನೆರಳು ಬಿದ್ದು ಎದ್ದು ಕಾಣುತ್ತವೆ. ನಡು ಮಧ್ಯಾಹ್ನ ಸುಮ್ನೆ ಹಸಿರು ಮೈದಾನ.

ಹತ್ತಿರದಲ್ಲಿ ಇನ್ನೂ ಒಂದು ಹಳೆಯ ಚರ್ಚು ನೋಡಬೇಕು ಅಂದರೆ?

ಕಾರಿಗೆ ವಾಪಸ್ ಬರುವಾಗ ವಾರಮ್ ಲೆ ಸ್ಟ್ರೀಟ್‌ನ ಸೇಂಟ್ ಮೇರಿ ನೋಡಿ. ಸಣ್ಣ ಚರ್ಚು, ಆದರೆ ಗೋಪುರ ನಾರ್ಮನ್ ಕಾಲದ ಶುರುವಿನದ್ದು, ಅದಕ್ಕೂ ಹಳೆಯ ಸ್ಯಾಕ್ಸನ್ ರೀತಿಯ ಜೋಡಿ ಕಿಟಕಿಗಳು ಅದರಲ್ಲಿವೆ. ಸ್ಕಾಟ್ಲೆಂಡಿನ ಸೇಂಟ್ ಆಂಡ್ರ್ಯೂಸ್‌ನಲ್ಲಿರುವ ಸೇಂಟ್ ರೂಲ್ ಚರ್ಚಿನ ಕೆಲಸಕ್ಕೂ ಇದಕ್ಕೂ ಬಹಳ ಹೋಲಿಕೆ ಇದೆ. ಇಲ್ಲಿನ ಗಾರೆಯವರೇ ಅಲ್ಲಿಗೆ ಹೋಗಿದ್ದರಾ ಅಂತ ವಿದ್ವಾಂಸರು ಇನ್ನೂ ವಾದ ಮಾಡುತ್ತಿದ್ದಾರೆ.